ಫ್ಲ್ಯಾಗ್ ಫುಟ್‌ಬಾಲ್ ಕೋಚ್ ಕಿಟ್: ನಮ್ಮ ಗರಸು ಮಣ್ಣಿನ ಮೈದಾನದಲ್ಲಿ ಏನು ಉಳಿಯುತ್ತದೆ, ಏನು ಹೋಗುತ್ತದೆ

2023ರ ಅಕ್ಟೋಬರ್‌ನಲ್ಲಿ ಮುಂಬೈನಲ್ಲಿ ಸೇರಿದ್ದ ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ, 2028ರ ಲಾಸ್ ಏಂಜಲೀಸ್ ಕ್ರೀಡಾಕೂಟಕ್ಕೆ ಫ್ಲ್ಯಾಗ್ ಫುಟ್‌ಬಾಲ್ ಸೇರಿಸಲು ಒಪ್ಪಿಗೆ ಕೊಟ್ಟಿತು. ಹೆಲ್ಮೆಟ್ ತೊಟ್ಟು ಒಬ್ಬರ ಮೇಲೊಬ್ಬರು ಬೀಳುವ ಅಮೆರಿಕನ್ ಫುಟ್‌ಬಾಲ್‌ಗೆ ಇದು ತಂಗಿ. ಇಲ್ಲಿ ಮೈಗೆ ಮೈ ತಾಗಿಸುವ ಹಾಗಿಲ್ಲ. ಚೆಂಡು ಹಿಡಿದು ಓಡುವವರ ಸೊಂಟದಿಂದ ಜೋತಾಡುವ ಬಾವುಟಪಟ್ಟಿ (ಫ್ಲ್ಯಾಗ್) ಕಿತ್ತರೆ ಓಟ ಅಲ್ಲಿಗೆ ಮುಗಿಯಿತು. ತಂಡಕ್ಕೆ ಐದೇ ಜನ, ಹೆಲ್ಮೆಟ್ ಬೇಡ, ಹುಲ್ಲು ಇಲ್ಲದಿದ್ದರೂ ನಡೆಯುತ್ತದೆ. ದಾವಣಗೆರೆಯ ಹೈಸ್ಕೂಲ್ ಮೈದಾನದಲ್ಲೋ ಚಿತ್ರದುರ್ಗದ ಒನಕೆ ಓಬವ್ವ ಕ್ರೀಡಾಂಗಣದಲ್ಲೋ ಹುಡುಗ ಹುಡುಗಿಯರನ್ನು ಸೇರಿಸಿ ಶುರು ಮಾಡೋಣ ಎನ್ನುವ ದೈಹಿಕ ಶಿಕ್ಷಕರು ಮೊದಲು ಕೈಹಾಕುವುದು ಆನ್‌ಲೈನ್‌ನಲ್ಲಿ ಸಿಗುವ ‘ಹತ್ತು ಜನರ ಕೋಚ್ ಕಿಟ್’ಗೆ. ಬೇರೆ ಬೇರೆ ಹೆಸರಿನಲ್ಲಿ ಮಾರುತ್ತಾರೆ. ಒಳಗಿನ ಸಾಮಾನು ಹೆಚ್ಚುಕಡಿಮೆ ಒಂದೇ: ಹತ್ತು ಸೊಂಟಪಟ್ಟಿ, ಒಂದು ಚೆಂಡು, ತಟ್ಟೆಯಂಥ ಇಪ್ಪತ್ತು ಕೋನ್, ಒಂದು ಸೀಟಿ, ಮ್ಯಾಗ್ನೆಟ್ ಬಿಲ್ಲೆ ಅಂಟಿಸುವ ಪುಟ್ಟ ಬೋರ್ಡು, ಮಣಿಕಟ್ಟಿಗೆ ಕಟ್ಟುವ ಒಂದು ಚೀಟಿಪಟ್ಟಿ.

ತೀರ್ಪು ಮೊದಲೇ ಹೇಳಿಬಿಡುತ್ತೇನೆ. ಸೊಂಟಪಟ್ಟಿಗಾಗಿ ಈ ಕಿಟ್ ಕೊಳ್ಳಬಹುದು. ಕೋನ್ ಪರವಾಗಿಲ್ಲ. ಚೆಂಡನ್ನು ಬೇರೆ ಕೊಳ್ಳಬೇಕು, ಸೀಟಿಯನ್ನೂ ಬೇರೆ ಕೊಳ್ಳಬೇಕು. ಬೋರ್ಡು ದಂಡ. ಬಾಕ್ಸಿನ ಮೂಲೆಯಲ್ಲಿ ಮುದುರಿ ಬಿದ್ದಿರುವ, ಮಾರುವವರೇ ಲೆಕ್ಕಕ್ಕೆ ಇಡದ ಆ ಮಣಿಕಟ್ಟಿನ ಪಟ್ಟಿ ಇದೆಯಲ್ಲ, ಕೋಚ್ ಆಗಬೇಕೆನ್ನುವವರಿಗೆ ಅದೇ ಇಡೀ ಕಿಟ್‌ನ ಜೀವ. ಒಂದು ಸಾಲದು, ಐದು ಬೇಕು. ಯಾಕೆಂದು ಮುಂದೆ ನೋಡೋಣ. ಮೊದಲು ಚೆಂಡು.

ಅಮೆರಿಕದ ವೃತ್ತಿಪರ ಫುಟ್‌ಬಾಲ್ ಲೀಗ್ ಎನ್‌ಎಫ್‌ಎಲ್‌ನಲ್ಲಿ ಬಳಸುವ ಚೆಂಡಿನ ಉದ್ದ 11ರಿಂದ 11.25 ಇಂಚು, ತೂಕ 14ರಿಂದ 15 ಔನ್ಸ್, ಅಂದರೆ 397ರಿಂದ 425 ಗ್ರಾಂ. ಗಾಳಿಯ ಒತ್ತಡ 12.5ರಿಂದ 13.5 ಪಿಎಸ್‌ಐ (ಚದರ ಇಂಚಿಗೆ ಪೌಂಡ್). ವಿಲ್ಸನ್ ಕಂಪನಿ 1941ರಿಂದ ಆ ಲೀಗ್‌ಗೆ ಚೆಂಡು ಮಾಡಿಕೊಡುತ್ತಿದೆ, ಅದು ಹಸುವಿನ ಚರ್ಮದ್ದು. ಕಿಟ್ ಜೊತೆ ಬರುವುದು ರಬ್ಬರಿನದು. ರಬ್ಬರ್ ಎನ್ನುವುದೇ ದೋಷವಲ್ಲ. ನಮ್ಮ ಗರಸು ನೆಲದಲ್ಲಿ ಚರ್ಮದ ಚೆಂಡು ಬೇಗ ತರಚುತ್ತದೆ, ಮಳೆಯಲ್ಲಿ ನೀರು ಕುಡಿದು ಭಾರವಾಗುತ್ತದೆ. ತೊಂದರೆ ಇರುವುದು ತೂಕದಲ್ಲಿ ಮತ್ತು ದಾರದಲ್ಲಿ. ಅಗ್ಗದ ರಬ್ಬರ್ ಚೆಂಡು ಹಗುರ. ದಿನಸಿ ಅಂಗಡಿಯ ತಕ್ಕಡಿಯಲ್ಲಿ ತೂಗಿದರೆ ಗೊತ್ತಾಗುತ್ತದೆ. ಪೂರ್ತಿ ಅಳತೆಯ ಚೆಂಡು 390 ಗ್ರಾಂಗಿಂತ ಕಡಿಮೆ ಇದ್ದರೆ ಗಾಳಿಗೆ ತೇಲುತ್ತದೆ, ಮಕ್ಕಳ ಕೈಗೆ ತಪ್ಪು ಅಂದಾಜು ಕೂರುತ್ತದೆ. ಇನ್ನು ದಾರ: ಚೆಂಡಿನ ಹೊಟ್ಟೆ ಮೇಲಿನ ಎಂಟು ಅಡ್ಡಗೆರೆಗಳು ಅಗ್ಗದ ಚೆಂಡಿನಲ್ಲಿ ಹೊಲಿದ ದಾರವಲ್ಲ, ರಬ್ಬರಿನಲ್ಲೇ ಅಚ್ಚು ಹಾಕಿದ ಉಬ್ಬು. ಎಸೆಯುವವರ ಉಂಗುರದ ಬೆರಳು, ಕಿರುಬೆರಳು ಕೂರಬೇಕಾದ್ದು ಅಲ್ಲೇ. ನೆಲಕ್ಕೆ ಉಜ್ಜಿ ಉಜ್ಜಿ ಆ ಉಬ್ಬು ನುಣ್ಣಗಾದರೆ ಚೆಂಡು ಬೆರಳಿಗೆ ಸಿಗದೆ ಜಾರುತ್ತದೆ, ತಿರುಗುವ ಬದಲು ಓಲಾಡುತ್ತಾ ಹೋಗುತ್ತದೆ. ಕೊಳ್ಳುವಾಗ ‘ಕಾಂಪೋಸಿಟ್’ (ಕೃತಕ ಚರ್ಮ) ಎಂದು ಬರೆದಿರುವ, ದಾರ ನಿಜವಾಗಿ ಹೊಲಿದಿರುವ ಚೆಂಡು ಆರಿಸಿ. 9ರಿಂದ 12 ವರ್ಷದವರಿಗೆ ಜೂನಿಯರ್, 12ರಿಂದ 14ಕ್ಕೆ ಯೂತ್, ಅದರ ಮೇಲಿನವರಿಗೆ ಪೂರ್ತಿ ಅಳತೆ. ಆರನೇ ತರಗತಿಯ ಮಗುವಿನ ಕೈಗೆ ದೊಡ್ಡ ಚೆಂಡು ಕೊಟ್ಟರೆ ಅದು ಅಂಗೈ ಪೂರ್ತಿ ಒತ್ತಿ ಹಿಡಿಯುವುದನ್ನು ಕಲಿಯುತ್ತದೆ. ಸರಿಯಾದ ಹಿಡಿತದಲ್ಲಿ ಅಂಗೈಗೂ ಚೆಂಡಿಗೂ ನಡುವೆ ಒಂದು ಬೆರಳು ತೂರುವಷ್ಟು ಸಂದು ಇರಬೇಕು. ಆ ಕೆಟ್ಟ ಹಿಡಿತ ಬಿಡಿಸಲು ಆಮೇಲೆ ಒಂದು ವರ್ಷ ಬೇಕು.

ಗಾಳಿ ತುಂಬುವಾಗ ಸೂಜಿಯನ್ನು ಒದ್ದೆ ಮಾಡಿಯೇ ಚುಚ್ಚಿ. ಒಣ ಸೂಜಿ ವಾಲ್ವ್‌ನ ಒಳರಬ್ಬರನ್ನು ಹರಿಯುತ್ತದೆ, ಚೆಂಡು ಒಳಗೊಳಗೇ ಇಳಿಯಲು ಶುರುವಾಗುವುದು ಅಲ್ಲಿಂದಲೇ. ಗ್ಲಿಸರಿನ್ ಇದ್ದರೆ ಎರಡು ಹನಿ ಸಾಕು. ಸಾಮಾನ್ಯ ಸೈಕಲ್ ಪಂಪಿಗೆ ಒತ್ತಡ ಅಳೆಯುವ ಮೀಟರ್ ಇರುವುದಿಲ್ಲ, ಅಂದಾಜಿಗೆ ತುಂಬಿದರೆ ಸಾಮಾನ್ಯವಾಗಿ ಹೆಚ್ಚೇ ತುಂಬುತ್ತೇವೆ. ನಮ್ಮ ಬಿಸಿಲಿನ ಲೆಕ್ಕವನ್ನೂ ಇಟ್ಟುಕೊಳ್ಳಬೇಕು. ಬೆಳಗ್ಗೆ 25 ಡಿಗ್ರಿಯಲ್ಲಿ 13 ಪಿಎಸ್‌ಐ ತುಂಬಿದ ಚೆಂಡು ಏಪ್ರಿಲ್ ಮಧ್ಯಾಹ್ನ ಬಿಸಿಲಿಗೆ ಬಿದ್ದು 45 ಡಿಗ್ರಿ ಕಾದರೆ ಒತ್ತಡ ಹತ್ತಿರ ಹತ್ತಿರ 15ಕ್ಕೆ ಏರುತ್ತದೆ. ಕಲ್ಲಿನಂತಾಗಿ ಬೆರಳ ತುದಿಗೆ ಬಡಿಯುತ್ತದೆ, ಹಿಡಿಯಲು ಹೋದ ಮಕ್ಕಳು ಕೈ ಹಿಂದೆಳೆಯುವುದು ಆಗಲೇ. ಬೇಸಿಗೆಯಲ್ಲಿ 12ಕ್ಕೆ ತುಂಬಿ, ನೆರಳಲ್ಲಿ ಗೋಣಿಚೀಲದೊಳಗೆ ಇಡಿ. ಇದೇ ಭೌತಶಾಸ್ತ್ರ ಚಳಿಯಲ್ಲಿ ತಿರುಗುಮುರುಗಾಗುತ್ತದೆ. 2015ರ ಜನವರಿಯ ಒಂದು ಪಂದ್ಯದಲ್ಲಿ ನ್ಯೂ ಇಂಗ್ಲೆಂಡ್ ಪೇಟ್ರಿಯಟ್ಸ್ ತಂಡದ ಚೆಂಡುಗಳಲ್ಲಿ ಗಾಳಿ ಕಡಿಮೆ ಸಿಕ್ಕಿ, ತಂಡಕ್ಕೆ 10 ಲಕ್ಷ ಡಾಲರ್ ದಂಡ, ಅದರ ಚೆಂಡು ಎಸೆಯುವ ಆಟಗಾರ ಟಾಮ್ ಬ್ರೇಡಿಗೆ ನಾಲ್ಕು ಪಂದ್ಯ ನಿಷೇಧ ಆಯಿತು. ಚಳಿಗೇ ಎಷ್ಟು ಇಳಿಯುತ್ತದೆ ಎಂಬ ವಾದ ಆಗ ತಿಂಗಳುಗಟ್ಟಲೆ ನಡೆಯಿತು. ಒಂದೆರಡು ಪಿಎಸ್‌ಐ ಎಂದರೆ ಸಣ್ಣ ಮಾತಲ್ಲ.

ಇನ್ನು ಸೊಂಟಪಟ್ಟಿ. ಇದರಲ್ಲಿ ಎರಡು ಜಾತಿ. ಒಂದರಲ್ಲಿ ಬಾವುಟಪಟ್ಟಿ ವೆಲ್ಕ್ರೋ ಮೂಲಕ ಬೆಲ್ಟಿಗೆ ಅಂಟುತ್ತದೆ. ಇನ್ನೊಂದರಲ್ಲಿ ಪ್ಲಾಸ್ಟಿಕ್ ಬಟ್ಟಲಿಗೆ ಪ್ಲಾಸ್ಟಿಕ್ ಬಿರಡೆ ಒತ್ತಿ ಕೂರಿಸುವುದು, ಕಿತ್ತಾಗ ‘ಟಪ್’ ಎಂದು ಸದ್ದು ಬರುತ್ತದೆ. ಕಣ್ಣುಮುಚ್ಚಿ ಎರಡನೆಯದನ್ನೇ ಕೊಳ್ಳಿ. ವೆಲ್ಕ್ರೋದ ಕೊಕ್ಕೆಗಳಲ್ಲಿ ನಮ್ಮ ಮಣ್ಣಿನ ಧೂಳು, ಒಣಹುಲ್ಲಿನ ಎಳೆ, ಉತ್ತರಾಣಿ ಮುಳ್ಳು ತುಂಬಿಕೊಂಡು ಹಿಡಿತ ಸಡಿಲವಾಗುತ್ತದೆ. ಓಡುವಾಗ ತಾನಾಗಿ ಉದುರಿದರೆ ಯಾರು ಕಿತ್ತರು ಎಂಬ ಜಗಳ. ಈಗಾಗಲೇ ವೆಲ್ಕ್ರೋದ್ದೇ ಇದ್ದರೆ ಹಲ್ಲುಜ್ಜುವ ಹಳೇ ಬ್ರಷ್‌ನಿಂದ, ಒಂದೇ ದಿಕ್ಕಿಗೆ, ಪ್ರತಿ ವಾರ ಉಜ್ಜಿ ತೆಗೆಯಿರಿ. ‘ಟಪ್’ ಎನ್ನುವ ಜಾತಿಯಲ್ಲಿ ಜಗಳವಿಲ್ಲ, ರೆಫರಿಗೆ ಕಿವಿಯೇ ಸಾಕ್ಷಿ. ಅದಕ್ಕೂ ರೋಗವಿದೆ: ಬಟ್ಟಲಿನೊಳಗೆ ಮರಳಿನ ಕಣ ಸೇರಿದರೆ ಬಿರಡೆ ಬಿಗಿಯಾಗಿ ಕಚ್ಚುತ್ತದೆ, ಕಿತ್ತವರ ಕೈಗೆ ಪೂರ್ತಿ ಬೆಲ್ಟೇ ಬರುತ್ತದೆ. ಆಟ ಮುಗಿದ ಮೇಲೆ ಬಕೆಟ್ ನೀರಲ್ಲಿ ಅದ್ದಿ ಅಲುಗಿಸಿ, ನೆರಳಲ್ಲಿ ಒಣಹಾಕಿ. ಬಿಸಿಲಲ್ಲಿ ಒಣಹಾಕಿದರೆ ಪ್ಲಾಸ್ಟಿಕ್ ಪೆಡಸಾಗಿ ಅಂಚು ಬಿರಿಯುತ್ತದೆ. ಎಣ್ಣೆ ಮಾತ್ರ ಹಚ್ಚಬೇಡಿ, ಧೂಳಿಗೆ ಅದೇ ಅಂಟು.

ಕೆಲವು ಕಿಟ್‌ಗಳಲ್ಲಿ ಬೆಲ್ಟಿಗೆ ಮೂರು ಪಟ್ಟಿ ಇರುತ್ತವೆ: ಎರಡು ಪಕ್ಕಕ್ಕೆ, ಒಂದು ಬೆನ್ನಿಗೆ. ಅಂತರರಾಷ್ಟ್ರೀಯ ಪಂದ್ಯದಲ್ಲಿ ಇರುವುದು ಎರಡೇ, ಎರಡೂ ಸೊಂಟದ ಪಕ್ಕದಲ್ಲಿ. ಮೂರರದ್ದು ಬಂದಿದ್ದರೆ ಬೆನ್ನಿನದನ್ನು ತೆಗೆದು ಬಿಡಿಭಾಗವಾಗಿ ಇಟ್ಟುಕೊಳ್ಳಿ, ಬೇಕಾಗುತ್ತದೆ. ಬೆಲ್ಟಿನ ಉದ್ದವೂ ತಕರಾರಿನದೇ. ದೊಡ್ಡವರ ಅಳತೆಯ ಬೆಲ್ಟು ಹನ್ನೊಂದು ವರ್ಷದ ಮಗುವಿನ ಸೊಂಟ ಸುತ್ತಿ ಬಂದರೂ ಒಂದು ಗೇಣು ಬಾಲ ಉಳಿಯುತ್ತದೆ. ಆ ಬಾಲ ಜೋತಾಡಿದರೆ ಎದುರಾಳಿ ಬಾವುಟ ಎಂದುಕೊಂಡು ಅದನ್ನೇ ಎಳೆಯುತ್ತಾರೆ. ಒಳಕ್ಕೆ ಸಿಕ್ಕಿಸಿ. ಶರ್ಟು ಚಡ್ಡಿಯ ಒಳಗಿರಬೇಕು. ಚಡ್ಡಿಗೆ ಜೇಬು ಇರಕೂಡದು: ಬಾವುಟಕ್ಕೆ ಬೀಸಿದ ಬೆರಳು ಜೇಬಿಗೆ ಸಿಕ್ಕಿ ಉಳುಕುವುದು ಈ ಆಟದಲ್ಲಿ ಸಾಮಾನ್ಯ ಗಾಯ. ಜೇಬು ಇದ್ದರೆ ಹೊಲಿಸಿಬಿಡಿ. ಚಡ್ಡಿಯ ಬಣ್ಣವೂ ಬಾವುಟದ ಬಣ್ಣವೂ ಒಂದೇ ಆಗಬಾರದು.

ಬಾವುಟಪಟ್ಟಿ ಕಳೆಯುತ್ತವೆ, ಹರಿಯುತ್ತವೆ. ಕಿಟ್‌ನವರು ಬಿಡಿಯಾಗಿ ಮಾರುವುದು ಅಪರೂಪ. ಬಿರಡೆಯನ್ನು ಮಾತ್ರ ಎಸೆಯಬೇಡಿ. ಆಟೋ ಸೀಟ್ ಕವರ್ ಹೊಲಿಯುವವರ ಬಳಿ ತೆಳು ರೆಕ್ಸಿನ್ ಸಿಗುತ್ತದೆ. ಪಟ್ಟಿಯ ಅಳತೆ 2 ಇಂಚು ಅಗಲ, 15 ಇಂಚು ಉದ್ದ. 54 ಇಂಚು ಪನ್ನದ ರೆಕ್ಸಿನ್ ಒಂದು ಮೀಟರ್ ತಂದರೆ 50ಕ್ಕೂ ಹೆಚ್ಚು ಪಟ್ಟಿ ಆಗುತ್ತವೆ. ಬಿರಡೆಯ ಕಡೆಗೆ ಒಂದೂವರೆ ಇಂಚು ಮಡಚಿ, ಚೌಕಾಕಾರದಲ್ಲಿ ಎರಡು ಸುತ್ತು ಹೊಲಿಗೆ ಹಾಕಿಸಿ. ಮಡಚಲು ಬೇಕಾದ ಆ ಒಂದೂವರೆ ಇಂಚನ್ನು ಕತ್ತರಿಸುವಾಗಲೇ ಸೇರಿಸಿಕೊಳ್ಳಿ, ಇಲ್ಲದಿದ್ದರೆ ಬಾವುಟ ಗಿಡ್ಡವಾಗಿ ಎದುರಾಳಿಗೆ ಅನ್ಯಾಯವಾಗುತ್ತದೆ.

ಬೆಲ್ಟಿನ ವಿಷಯ ಬಿಡುವ ಮೊದಲು ನಮ್ಮ ಊರಿಗೇ ಸಂಬಂಧಿಸಿದ ಒಂದು ಮಾತು. ದಾವಣಗೆರೆಯಲ್ಲಿ ಗರಡಿ ಮನೆಯ ಪಟ್ಟು, ಕಬಡ್ಡಿಯ ಹಿಡಿತ ಮಕ್ಕಳ ಮೈಯಲ್ಲೇ ಇದೆ. ಎದುರಿಗೆ ಬಂದವರ ಸೊಂಟ ತಬ್ಬುವುದು, ತೊಡೆಗೆ ಕೈ ಹಾಕುವುದು ಅವರಿಗೆ ಉಸಿರಾಡಿದಷ್ಟು ಸಹಜ. ಫ್ಲ್ಯಾಗ್‌ನಲ್ಲಿ ಅದು ಫೌಲ್. ಹಾಗೆಂದು ಕಬಡ್ಡಿ ಆಡುವವರನ್ನು ದೂರ ಇಡಬೇಡಿ, ಬಾಗಿ ನಿಲ್ಲುವ ಅವರ ನಿಲುವೇ ಇಲ್ಲಿ ಬೇಕಾದ್ದು. ಇಬ್ಬಿಬ್ಬರನ್ನು ಮೂರು ಮೀಟರ್ ಅಗಲದ ಓಣಿಯಲ್ಲಿ ಎದುರುಬದುರು ನಿಲ್ಲಿಸಿ. ಹಿಡಿಯುವವರ ಎಡಗೈ ಬೆನ್ನ ಹಿಂದೆ ಇರಲಿ, ಬಲಗೈ ಒಂದರಲ್ಲೇ ಬಾವುಟ ಕೀಳಬೇಕು. ಒಂದು ಕೈಯಲ್ಲಿ ಯಾರನ್ನೂ ತಬ್ಬಲಾಗದು. ದಿನಕ್ಕೆ ಹತ್ತು ಸಲದಂತೆ ಎರಡು ವಾರ ಮಾಡಿಸಿದರೆ ಕಣ್ಣು ಎದೆಯಿಂದ ಇಳಿದು ಸೊಂಟದ ಮೇಲೆ ನಿಲ್ಲುತ್ತದೆ.

ಕೋನ್‌ಗಳ ಲೆಕ್ಕ ಸರಳ. ಮೈದಾನ 50 ಗಜ ಉದ್ದ, 25 ಗಜ ಅಗಲ, ಎರಡೂ ತುದಿಗೆ 10 ಗಜದ ಎಂಡ್ ಜೋನ್, ಅಂದರೆ ಅಂಕ ಗಳಿಸುವ ಜಾಗ. ಮೀಟರಿನಲ್ಲಿ ಒಟ್ಟು ಉದ್ದ 64.01, ಅಗಲ 22.86. ಗುರುತಿಸಬೇಕಾದ ಗೆರೆ ಒಂಬತ್ತು: ತುದಿಯ ಗೆರೆ ಎರಡು, ಗೋಲ್ ಗೆರೆ ಎರಡು, ಮಧ್ಯದ್ದು ಒಂದು, ಗೋಲ್ ಗೆರೆಗೆ 5 ಗಜ ಮೊದಲು ಒಂದೊಂದು, ಮಧ್ಯಗೆರೆಯ ಆಚೀಚೆ 5 ಗಜಕ್ಕೆ ಒಂದೊಂದು. ಆ 5 ಗಜದ ಪಟ್ಟಿಗಳಲ್ಲಿ ಚೆಂಡು ಹಿಡಿದು ಓಡುವ ಆಟ ಕಟ್ಟುವಂತಿಲ್ಲ, ಪಾಸ್ ಮಾಡಲೇಬೇಕು. ಒಂಬತ್ತು ಗೆರೆಗೆ ಎರಡೆರಡರಂತೆ 18 ಕೋನ್. ಉಳಿದ ಎರಡರಲ್ಲಿ ಒಂದು ಆಟ ಶುರುವಾಗುವ ಗೆರೆಗೆ, ಇನ್ನೊಂದು ಅಲ್ಲಿಂದ 7 ಗಜ ಹಿಂದೆ, ಎಸೆಯುವವರ ಮೇಲೆ ನುಗ್ಗುವವರು ನಿಲ್ಲುವ ಜಾಗಕ್ಕೆ. ಇಪ್ಪತ್ತಕ್ಕೆ ಇಪ್ಪತ್ತೂ ಖರ್ಚು, ಒಂದೂ ಹೆಚ್ಚಿಲ್ಲ. ಮೂಲೆ ಚೌಕವಾಗಿದೆಯೇ ನೋಡಲು ಎರಡೂ ಕರ್ಣ ಅಳೆಯಿರಿ. ಎರಡೂ 67.97 ಮೀಟರ್ ಬರಬೇಕು. ಒಂದು ಹೆಚ್ಚು ಒಂದು ಕಡಿಮೆ ಬಂದರೆ ಒಂದು ತುದಿಯನ್ನು ಪಕ್ಕಕ್ಕೆ ಸರಿಸಬೇಕು. ಗೆರೆಗೆ ಸುಟ್ಟ ಸುಣ್ಣ ಬೇಡ, ಬಗ್ಗಿ ಬಾವುಟ ಕೀಳುವವರ ಕಣ್ಣಿಗೆ ಬಿದ್ದರೆ ಸುಡುತ್ತದೆ. ರಂಗೋಲಿ ಪುಡಿ ಹಾಕಿ.

ಚಿತ್ರದುರ್ಗದವರಿಗೆ ಗಾಳಿಯ ವಿಷಯ ಬೇರೆ ಹೇಳಬೇಕಿಲ್ಲ. ಊರ ಸುತ್ತಲ ಗುಡ್ಡಗಳ ಮೇಲೆ ಸಾಲುಸಾಲು ಗಾಳಿಯಂತ್ರ ನಿಲ್ಲಿಸಿರುವುದು ಸುಮ್ಮನೆ ಅಲ್ಲ. ಆಷಾಢದಲ್ಲಿ ತಟ್ಟೆ ಕೋನ್‌ಗಳು ಮಗುಚಿ ಉರುಳಿ ಹೋಗುತ್ತವೆ. ಮೇಲೆ ಕಲ್ಲು ಇಡುವ ಅಭ್ಯಾಸ ಬಿಡಿ, ಓಡುವ ಕಾಲಿಗೆ ಅದು ಅಪಾಯ. ಅಂಗೈಯಷ್ಟು ಬಟ್ಟೆಚೀಲಕ್ಕೆ ಮರಳು ತುಂಬಿ ಕೋನ್‌ನ ಮಧ್ಯದ ತೂತಿನ ಮೇಲೆ ಇಡಿ. ಮೈದಾನ ಹಾಕುವ ದಿಕ್ಕೂ ಮುಖ್ಯ. ಮುಂಗಾರಿನ ಗಾಳಿ ಪಡುವಣದಿಂದ ಬೀಸುತ್ತದೆ, ಆಗ ಉದ್ದವನ್ನು ಪೂರ್ವ-ಪಶ್ಚಿಮಕ್ಕೆ ಹಾಕಿದರೆ ಗಾಳಿ ಚೆಂಡನ್ನು ಪಕ್ಕಕ್ಕೆ ತಳ್ಳುವುದಿಲ್ಲ, ಅರ್ಧದಲ್ಲಿ ಕಡೆ ಬದಲಿಸಿದಾಗ ಇಬ್ಬರಿಗೂ ಸಮ. ಬೇಸಿಗೆಯ ಸಂಜೆಗೆ ಅದೇ ದಿಕ್ಕು ತಪ್ಪು, ಮುಳುಗುವ ಸೂರ್ಯ ಚೆಂಡು ಹಿಡಿಯುವವರ ಕಣ್ಣಿಗೆ ನೇರ ಹೊಡೆಯುತ್ತಾನೆ. ಆಗ ಉತ್ತರ-ದಕ್ಷಿಣ ಮಾಡಿ.

ಕಿಟ್‌ನ ಸೀಟಿ ಒಳಗೆ ಬೆಂಡಿನ ಗುಂಡು ಇರುವ ಹಳೇ ಮಾದರಿ. ಎಂಜಲಿಗೆ ಬೆಂಡು ಊದಿಕೊಳ್ಳುತ್ತದೆ, ಧೂಳು ಸೇರಿದರೆ ಕಚ್ಚಿಕೊಳ್ಳುತ್ತದೆ, ಬೇಕಾದ ಗಳಿಗೆಯಲ್ಲಿ ‘ಪುಸ್’ ಎನ್ನುತ್ತದೆ. ರಾನ್ ಫಾಕ್ಸ್‌ಕ್ರಾಫ್ಟ್ ಎಂಬ ಕೆನಡಾದ ಬ್ಯಾಸ್ಕೆಟ್‌ಬಾಲ್ ರೆಫರಿಗೆ ಪಂದ್ಯದ ನಡುವೆ ಇದೇ ಆಗಿ, ಗುಂಡೇ ಇಲ್ಲದ ಸೀಟಿಯನ್ನು ಮಾಡಿಸಿದರು. ಅದೇ ಫಾಕ್ಸ್ 40. ಹೈಸ್ಕೂಲ್ ಮೈದಾನದಲ್ಲಿ ಭಾನುವಾರ ಬೆಳಗ್ಗೆ ಒಂದರ ಪಕ್ಕ ಒಂದು ಕ್ರಿಕೆಟ್ ಆಟ ನಡೆಯುವಾಗ ನಿಮ್ಮ ಐವರಿಗೆ ಕೇಳಬೇಕೆಂದರೆ ಅಂಥದ್ದೇ ಬೇಕು. ಅದರ ಸದ್ದು ತೀರಾ ಚೂಪು, ಮಕ್ಕಳ ಕಿವಿಯ ಹತ್ತಿರ ಊದಬೇಡಿ.

ಬೋರ್ಡಿನ ಬಗ್ಗೆ ಎರಡೇ ಮಾತು. ಬಿಸಿಲಿಗೆ ಬಿಲ್ಲೆಗಳ ಅಂಟು ಬಿಟ್ಟು ಮ್ಯಾಗ್ನೆಟ್ ಉದುರುತ್ತವೆ, ಧೂಳಿಗೆ ಮಾರ್ಕರ್ ಬರೆಯುವುದಿಲ್ಲ. ನೆಲದ ಮೇಲೆ ಕಡ್ಡಿಯಿಂದ ಗೆರೆ ಎಳೆದು ಐದು ಹುಣಸೆಬೀಜ, ಐದು ಕಡಲೆಕಾಳು ಇಟ್ಟು ತೋರಿಸಿದರೆ ಸುತ್ತ ಕೂತ ಹತ್ತೂ ಜನಕ್ಕೆ ಕಾಣುತ್ತದೆ.

ಈಗ ಆ ಮಣಿಕಟ್ಟಿನ ಪಟ್ಟಿಗೆ ಬರೋಣ. ಅದು ಪಾರದರ್ಶಕ ಕಿಟಕಿ ಇರುವ ಬಟ್ಟೆಯ ಪಟ್ಟಿ, ಒಳಗೆ ಚೀಟಿ ತೂರಿಸಬಹುದು. ಅದರ ಬೆಲೆ ತಿಳಿಯಬೇಕಾದರೆ ಅಮೆರಿಕದ ಕೋಚ್‌ಗಳು ಬೆಳೆದು ಬಂದ ದಾರಿ ನೋಡಬೇಕು. ಈ ಆಟದಲ್ಲಿ ಪ್ರತಿ ಚೆಂಡಿಗೂ ನಡುವೆ ಆಟ ನಿಲ್ಲುತ್ತದೆ, ಮುಂದಿನ ‘ಆಟ’ವನ್ನು, ಅಂದರೆ ಯಾರು ಎಲ್ಲಿ ಓಡಬೇಕು, ಚೆಂಡು ಯಾರಿಗೆ ಎಂಬ ಯೋಜನೆಯನ್ನು, ಕೋಚ್ ಹೇಳಿ ಕಳಿಸಬೇಕು. ಹೇಳುವುದನ್ನು ಬರೆದಿಡುವ ಪದ್ಧತಿಯನ್ನು ಗಟ್ಟಿ ಮಾಡಿದವರು ಪಾಲ್ ಬ್ರೌನ್. ಓಹಾಯೊದ ಮ್ಯಾಸಿಲನ್ ಹೈಸ್ಕೂಲಿನಲ್ಲಿ 1932ರಿಂದ ಕೋಚ್ ಆಗಿ, ಓಹಾಯೊ ಸ್ಟೇಟ್ ವಿಶ್ವವಿದ್ಯಾಲಯಕ್ಕೆ 1942ರಲ್ಲಿ ರಾಷ್ಟ್ರೀಯ ಪ್ರಶಸ್ತಿ ಗೆಲ್ಲಿಸಿ, 1946ರಲ್ಲಿ ಕ್ಲೀವ್‌ಲ್ಯಾಂಡ್ ತಂಡ ಕಟ್ಟಿದರು. ಆಟಗಾರರನ್ನು ತರಗತಿಯಲ್ಲಿ ಕೂರಿಸಿ, ನೋಟ್‌ಬುಕ್ಕಿನಲ್ಲಿ ಪ್ರತಿಯೊಂದು ಆಟವನ್ನೂ ಬರೆಸುತ್ತಿದ್ದರು. ಪಂದ್ಯದ ನಡುವೆ ಒಬ್ಬ ಆಟಗಾರನನ್ನು ಹೊರಗೆ ಕರೆದು ಇನ್ನೊಬ್ಬನ ಕಿವಿಯಲ್ಲಿ ಹೇಳಿ ಒಳಗೆ ಕಳಿಸುವುದು ಅವರ ಪದ್ಧತಿ. 1956ರಲ್ಲಿ ಹೆಲ್ಮೆಟ್‌ನೊಳಗೆ ರೇಡಿಯೊ ಇಟ್ಟೂ ನೋಡಿದರು, ಲೀಗ್ ಅದನ್ನು ನಿಷೇಧಿಸಿತು. ಮತ್ತೆ ಅನುಮತಿ ಸಿಕ್ಕಿದ್ದು 1994ರಲ್ಲಿ.

ಬ್ರೌನ್ ಕೈಕೆಳಗೆ ಸಿನ್ಸಿನಾಟಿಯಲ್ಲಿ 1968ರಿಂದ 1975ರವರೆಗೆ ದುಡಿದವರು ಬಿಲ್ ವಾಲ್ಶ್. ಅಲ್ಲಿ ವರ್ಜಿಲ್ ಕಾರ್ಟರ್ ಎಂಬ, ದೂರ ಎಸೆಯುವ ತೋಳಿಲ್ಲದ ಆಟಗಾರನಿಗಾಗಿ ವಾಲ್ಶ್ ಅಡ್ಡಡ್ಡ ಓಡುವವರಿಗೆ ಹತ್ತಿರದ, ಗಳಿಗೆ ನೋಡಿ ಎಸೆಯುವ ಪಾಸ್‌ಗಳನ್ನು ಕಟ್ಟಿದರು. ನಮ್ಮ ಗಾಳಿಯ ಊರುಗಳಿಗೆ ಹೇಳಿಮಾಡಿಸಿದ ಪಾಠ ಅದು: ಆಷಾಢದಲ್ಲಿ 25 ಗಜದ ಪಾಸ್ ಕನಸು ಬಿಡಿ, 6 ಗಜದ್ದನ್ನು ನೂರು ಸಲ ಮಾಡಿಸಿ. ವಾಲ್ಶ್ 1979ರಲ್ಲಿ ಸ್ಯಾನ್ ಫ್ರಾನ್ಸಿಸ್ಕೊ ತಂಡದ ಮುಖ್ಯ ಕೋಚ್ ಆದಾಗ ಮೊದಲ ವರ್ಷ 16 ಪಂದ್ಯಗಳಲ್ಲಿ ಗೆದ್ದದ್ದು ಎರಡು. ಹತ್ತು ವರ್ಷದಲ್ಲಿ ಮೂರು ಸೂಪರ್ ಬೌಲ್ (ಆ ಲೀಗ್‌ನ ಫೈನಲ್) ಗೆದ್ದರು. ಪಂದ್ಯದ ಮೊದಲ ಹದಿನೈದು, ಇಪ್ಪತ್ತು ಆಟಗಳನ್ನು ಹಿಂದಿನ ದಿನಗಳಲ್ಲೇ ಬರೆದು ಇಟ್ಟುಕೊಳ್ಳುತ್ತಿದ್ದರು. ಕಾರಣ ಸ್ಪಷ್ಟ: ಗದ್ದಲದ ನಡುವೆ, ಎದೆ ಹೊಡೆದುಕೊಳ್ಳುವಾಗ ತಲೆ ಓಡುವುದಕ್ಕಿಂತ ಶಾಂತವಾಗಿ ಮೇಜಿನ ಮುಂದೆ ಕೂತಾಗ ಚೆನ್ನಾಗಿ ಓಡುತ್ತದೆ. ವಾಲ್ಶ್ ಬಳಿ ಕಲಿತವರು ಮೈಕ್ ಹೋಮ್‌ಗ್ರೆನ್, ಹೋಮ್‌ಗ್ರೆನ್ ಬಳಿ ಕಲಿತವರು ಆ್ಯಂಡಿ ರೀಡ್. ರೀಡ್ 1982ರಲ್ಲಿ ಬ್ರಿಗಮ್ ಯಂಗ್ ವಿಶ್ವವಿದ್ಯಾಲಯದಲ್ಲಿ ಸಹಾಯಕರಾಗಿ ಶುರು ಮಾಡಿ, ನಾಲ್ಕು ಕಾಲೇಜುಗಳಲ್ಲಿ ಮುಂಚೂಣಿ ಸಾಲಿನ ಆಟಗಾರರಿಗೆ ಕಲಿಸುತ್ತಾ ಸುತ್ತಿ, 1992ರಲ್ಲಿ ಗ್ರೀನ್ ಬೇಗೆ ಬಂದು, ಫಿಲಡೆಲ್ಫಿಯಾದ ಮುಖ್ಯ ಕೋಚ್ ಆದದ್ದು 1999ರಲ್ಲಿ. ಹದಿನೇಳು ವರ್ಷ ಕಾದರು. ಅಲ್ಲಿ 14 ವರ್ಷ ಇದ್ದರೂ ಸೂಪರ್ ಬೌಲ್ ಕೈಗೆ ಸಿಗಲಿಲ್ಲ. ಕ್ಯಾನ್ಸಸ್ ಸಿಟಿಗೆ ಹೋದ ಮೇಲೆ ಮೂರು ಸಿಕ್ಕವು. ಎರಡು ಬೇರೆ ತಂಡಗಳಿಗೆ ನೂರು ನೂರು ಗೆಲುವು ಕೊಡಿಸಿದ ಮೊದಲ ಕೋಚ್ ಅವರೇ. ಟಿವಿಯಲ್ಲಿ ಅವರನ್ನು ನೋಡಿದವರಿಗೆ ನೆನಪಿರುವುದು ಕೈಯಲ್ಲಿನ ಆ ದೊಡ್ಡ ಲ್ಯಾಮಿನೇಟ್ ಹಾಳೆ, ಹೋಟೆಲಿನ ಮೆನು ಕಾರ್ಡಿನಂತೆ. ಬ್ರೌನ್‌ರ ನೋಟ್‌ಬುಕ್ಕೇ ಮೂರು ತಲೆಮಾರು ದಾಟಿ ಆ ಹಾಳೆಯಾಗಿದೆ.

ಪೇಟ್ರಿಯಟ್ಸ್ ಕೋಚ್ ಆಗಿದ್ದ ಬಿಲ್ ಬೆಲಿಚಿಕ್ ಕೂಡ 1975ರಲ್ಲಿ ಬಾಲ್ಟಿಮೋರ್ ತಂಡದಲ್ಲಿ ವಾರಕ್ಕೆ 25 ಡಾಲರ್‌ಗೆ ಸೇರಿದ್ದು ಎದುರಾಳಿಗಳ ಆಟದ ಫಿಲ್ಮ್ ನೋಡಿ ಬರೆದುಕೊಡುವ ಕೆಲಸಕ್ಕೆ. ಆಮೇಲೆ ಅವರಿಗೆ ಆರು ಸೂಪರ್ ಬೌಲ್. ಈ ಕಸುಬಿನಲ್ಲಿ ಏಣಿಯ ಮೊದಲ ಮೆಟ್ಟಿಲು ಕೂಗುವುದಲ್ಲ, ಬರೆಯುವುದು. ಕಿಟ್ ಮಾರುವವರು ಚೆಂಡಿನ ಫೋಟೊವನ್ನು ದೊಡ್ಡದು ಮಾಡಿ ಹಾಕುತ್ತಾರೆ. ಕೊಳ್ಳುವವರ ಕಣ್ಣು ಹಾಳೆಯ ಕಡೆ ಇರಲಿ.

ನಮ್ಮಲ್ಲಿ ಹೆಲ್ಮೆಟ್ಟೂ ಇಲ್ಲ, ರೇಡಿಯೊವೂ ಇಲ್ಲ. ಹಾಗಾಗಿ ಐವರ ಮಣಿಕಟ್ಟಿಗೂ ಒಂದೇ ಚೀಟಿ. ಮಾಡುವುದು ಹೀಗೆ. ಪಟ್ಟಿಯ ಕಿಟಕಿಯನ್ನು ಸ್ಕೇಲಿನಲ್ಲಿ ಅಳೆಯಿರಿ. ಉದಾಹರಣೆಗೆ 120 ಮಿ.ಮೀ. ಉದ್ದ, 60 ಮಿ.ಮೀ. ಅಗಲ ಎಂದುಕೊಳ್ಳಿ. ಲ್ಯಾಮಿನೇಟ್ ಆದ ಚೀಟಿ 116ಕ್ಕೆ 56 ಇರಬೇಕು, ಒಳಗಿನ ಕಾಗದ 110ಕ್ಕೆ 50. ಕಾಗದವನ್ನು ಮೊದಲೇ ಕತ್ತರಿಸಿ ಆಮೇಲೆ ಲ್ಯಾಮಿನೇಟ್ ಮಾಡಿಸಿ, ಸುತ್ತ 3 ಮಿ.ಮೀ. ಬರೀ ಪ್ಲಾಸ್ಟಿಕ್ ಅಂಚು ಉಳಿಯಬೇಕು. ಜೆರಾಕ್ಸ್ ಅಂಗಡಿಯವರು ಸಲೀಸೆಂದು ಪೂರ್ತಿ ಹಾಳೆಯನ್ನು ಲ್ಯಾಮಿನೇಟ್ ಮಾಡಿ ಆಮೇಲೆ ಕತ್ತರಿಸುತ್ತಾರೆ, ಬೇಡ ಎನ್ನಿ. ಕತ್ತರಿಸಿದ ಅಂಚಿನಿಂದ ಬೆವರು ಒಳಗೆ ನುಗ್ಗಿ ಮೊದಲ ದಿನವೇ ಪದರ ಬಿಡುತ್ತದೆ. ಮುದ್ರಣ ಲೇಸರ್‌ನದ್ದಾಗಲಿ, ಇಂಕ್‌ಜೆಟ್ ಶಾಯಿ ತೇವಕ್ಕೆ ಹರಡುತ್ತದೆ. ಪೌಚ್ 125 ಮೈಕ್ರಾನ್ ಸಾಕು, ಮಣಿಕಟ್ಟಿಗೆ ಬಾಗುತ್ತದೆ. ಕೋಚ್ ಕೈಯಲ್ಲಿನ ಎ4 ಹಾಳೆಗೆ ಮಾತ್ರ 250 ಮೈಕ್ರಾನ್, ಗಾಳಿಗೆ ಮಡಚದಂತೆ. ಮ್ಯಾಟ್ ಪೌಚ್ ಸಿಕ್ಕರೆ ಬಿಡಬೇಡಿ: ಹೊಳೆಯುವ ಪ್ಲಾಸ್ಟಿಕ್ ಬಿಸಿಲಲ್ಲಿ ಕನ್ನಡಿಯಾಗಿ ಅಕ್ಷರವೇ ಕಾಣುವುದಿಲ್ಲ. ನಾಲ್ಕೂ ಮೂಲೆ ಕತ್ತರಿಯಿಂದ ದುಂಡಗೆ ಮಾಡಿ, ಇಲ್ಲದಿದ್ದರೆ ಮಣಿಕಟ್ಟು ಗೀರುತ್ತದೆ.

ಚೀಟಿಯಲ್ಲಿ ಮೂರು ಬಣ್ಣದ ಕಂಬ, ಐದು ಸಾಲು, ಒಟ್ಟು ಹದಿನೈದು ಮನೆ, ಮನೆಗೊಂದು ಆಟ. ಅದಕ್ಕಿಂತ ಹೆಚ್ಚು ಬರೆದರೆ ಓಡಿ ದಣಿದ ಕಣ್ಣಿಗೆ ಸಿಗುವುದಿಲ್ಲ. ಬದಿಯಿಂದ ಕೋಚ್ ಕೂಗುವುದು ‘ಕೆಂಪು ಮೂರು’ ಎಂದಷ್ಟೇ. ಇಲ್ಲಿ ಕನ್ನಡದ್ದೇ ಒಂದು ತೊಡಕಿದೆ. ಎರಡು, ಏಳು, ಎಂಟು ಮೂರೂ ‘ಎ’, ‘ಏ’ ದನಿಯಿಂದಲೇ ಶುರು. ಒಂದು, ಒಂಬತ್ತು ಎರಡೂ ‘ಒ’ದಿಂದ. ನಲವತ್ತು ಮೀಟರ್ ದೂರಕ್ಕೆ, ಗಾಳಿಯ ನಡುವೆ ಕೇಳಿಸುವುದು ಮೊದಲ ಅಕ್ಷರ ಮಾತ್ರ. ಹಾಗಾಗಿ ಸಾಲುಗಳಿಗೆ ಒಂದು, ಮೂರು, ನಾಕು, ಐದು, ಹತ್ತು ಎಂದು ಹೆಸರಿಡಿ, ಉಳಿದವನ್ನು ಬಿಡಿ. ಬಣ್ಣದಲ್ಲೂ ಅಷ್ಟೇ: ಹಸಿರು, ಹಳದಿ ಒಟ್ಟಿಗೆ ಬೇಡ, ಬಿಳಿ, ನೀಲಿ ಒಟ್ಟಿಗೆ ಬೇಡ. ಕೆಂಪು, ಹಸಿರು, ನೀಲಿ ಸರಿಹೋಗುತ್ತದೆ. ಎದುರಾಳಿಗೂ ಕನ್ನಡ ಬರುತ್ತದೆ ಎಂಬುದು ನೆನಪಿರಲಿ, ಎರಡನೇ ಅರ್ಧಕ್ಕೆ ಕಂಬಗಳ ಜಾಗ ಬದಲಿಸಿದ ಇನ್ನೊಂದು ಚೀಟಿ ಸಿದ್ಧವಿಟ್ಟುಕೊಳ್ಳಿ. ಆಗ ಐವರ ಚೀಟಿಯೂ ಬದಲಾಯಿತೇ ಎಂದು ನೀವೇ ಒಬ್ಬೊಬ್ಬರ ಕೈ ಹಿಡಿದು ನೋಡಿ. ನಾಲ್ವರು ಹೊಸದು, ಒಬ್ಬರು ಹಳೇದು ಇಟ್ಟುಕೊಂಡರೆ ಚೆಂಡು ಯಾರೂ ಇಲ್ಲದ ಜಾಗಕ್ಕೆ ಹೋಗುತ್ತದೆ.

ಕೋಚ್ ಹಾಳೆಯನ್ನು ಸಂದರ್ಭದಂತೆ ಭಾಗ ಮಾಡಿ. ಮೇಲೆ ವಾಲ್ಶ್ ರೀತಿ ಮೊದಲೇ ನಿಶ್ಚಯಿಸಿದ ಎಂಟು ಆಟ. ತಂಡಕ್ಕೆ ಮಧ್ಯಗೆರೆ ದಾಟಲು ನಾಲ್ಕು ಅವಕಾಶ, ದಾಟಿದರೆ ಗೋಲಿಗೆ ಮತ್ತೆ ನಾಲ್ಕು. ಹಾಗಾಗಿ ‘ನಾಲ್ಕನೆಯದು, ಕಡಿಮೆ ದೂರ’ ಎಂಬ ಭಾಗಕ್ಕೆ ನಿಮ್ಮ ಅತ್ಯಂತ ನಂಬಿಕೆಯ ಎರಡು ಆಟ. ಓಡುವಂತಿಲ್ಲದ 5 ಗಜದ ಪಟ್ಟಿಗೆ ಬರೀ ಪಾಸ್ ಇರುವ ಮೂರು. ಟಚ್‌ಡೌನ್‌ಗೆ (ಚೆಂಡು ಎಂಡ್ ಜೋನ್ ಸೇರಿದ್ದಕ್ಕೆ) 6 ಅಂಕ ಬಂದ ಮೇಲೆ 5 ಗಜದಿಂದ 1 ಅಂಕವೋ 10 ಗಜದಿಂದ 2 ಅಂಕವೋ ಎಂಬುದಕ್ಕೆ ಒಂದೊಂದು. ಕೊನೆಗೆ ಗಾಳಿಗೆ ಎದುರಾಗಿ ಆಡುವಾಗ, ಗಾಳಿ ಬೆನ್ನಿಗಿದ್ದಾಗ ಎಂಬ ಎರಡು ಕಂಬ. ಅಮೆರಿಕದ ಹಾಳೆಗಳಲ್ಲಿ ಇದು ಇರಲಿ ಇಲ್ಲದಿರಲಿ, ದುರ್ಗದಲ್ಲಿ ಇರಲೇಬೇಕು. ಪ್ರತಿ ಆಟದ ಪಕ್ಕ ಖಾಲಿ ಚೌಕ ಬಿಡಿ, ಎಷ್ಟು ಗಜ ಸಿಕ್ಕಿತು ಎಂದು ಮಾರ್ಕರ್‌ನಲ್ಲಿ ಬರೆಯಲು. ಪಂದ್ಯ ಮುಗಿದ ಮೇಲೆ ಒರೆಸುವ ಮೊದಲು ಮೊಬೈಲಿನಲ್ಲಿ ಫೋಟೊ ತೆಗೆದುಕೊಳ್ಳಿ. ಆರು ಪಂದ್ಯದ ಆ ಫೋಟೊಗಳೇ ನಿಮ್ಮ ಫಿಲ್ಮ್.

ಕಿಟ್ ಮನೆಗೆ ಬಂದ ದಿನವೇ ಪರೀಕ್ಷೆ ಮುಗಿಸಿ, ವಾಪಸು ಮಾಡುವ ಗಡುವು ದಾಟಿದರೆ ಕೈಕಟ್ಟಿದಂತೆ. ಚೆಂಡಿಗೆ 13 ಪಿಎಸ್‌ಐ ತುಂಬಿ ಬಕೆಟ್ ನೀರಲ್ಲಿ ಮುಳುಗಿಸಿ, ವಾಲ್ವ್‌ನಿಂದ ಗುಳ್ಳೆ ಏಳುತ್ತದೆಯೇ ನೋಡಿ, ರಾತ್ರಿಯಿಡೀ ಇಟ್ಟು ಬೆಳಗ್ಗೆ ಅದೇ ತಂಪಿನಲ್ಲಿ ಮತ್ತೆ ಅಳೆಯಿರಿ. ಇಪ್ಪತ್ತು ಬಾವುಟಗಳಲ್ಲಿ ಒಂದೊಂದನ್ನೂ ಹತ್ತು ಸಲ ಕಿತ್ತು ಹಾಕಿ. ಬಟ್ಟಲಿನ ಅಂಚಿನಲ್ಲಿ ಬಿಳಿಗೆರೆ ಕಂಡರೆ ಅದು ಬಿರುಕಿನ ಶುರು, ಆ ಬೆಲ್ಟು ವಾಪಸು. ಬಕಲ್ ಹಾಕಿ ಎರಡೂ ಕೈಯಲ್ಲಿ ಜಗ್ಗಿ, ಜಾರಿದರೆ ಅದೂ ವಾಪಸು. ಇನ್ನೂ ನಾಲ್ಕು ಮಣಿಕಟ್ಟಿನ ಪಟ್ಟಿಗೆ ಅವತ್ತೇ ಆರ್ಡರ್ ಹಾಕಿ, ಜೊತೆಗೆ ಎರಡು ಸೂಜಿ ಹೆಚ್ಚಿಗೆ ತರಿಸಿ. ಸೂಜಿ ಮುರಿಯುವುದು ಯಾವಾಗಲೂ ಪಂದ್ಯದ ಬೆಳಗ್ಗೆಯೇ.